ಕಾಲುವೆ ದಂಡೆಯಲ್ಲಿ ಹೂತ ಲಾಬ್‌ಸ್ಟರ್

ಕಳೆದ ವಾರ ಹೊಸಪೇಟೆಯ ತಂಗಿಯ ಮನೆಯಲ್ಲಿ ಅವಳ ಮಗಳು ಗೋವಾದಿಂದ ತಂದ ಬೇಯಿಸಿದ ಲಾಬ್‌ಸ್ಟರನ್ನು ಫ್ರಿಜ್‌ನಿಂದ ತೆಗೆದು ಬಿಸಿ ಮಾಡುತ್ತಿದ್ದಳು. ಬೆಣ್ಣೆಯೊಂದಿಗೆ ಬೆರೆತ ಆ ದೊಡ್ಡ ಕಡಲ ಸಿಗಡಿಯ ವಾಸನೆ ಬಂದದ್ದೇ ತಡ, ಹಳೆಯ ಹೋಟೆಲಿನ ಅಡುಗೆ ಮಾಸ್ಟರ್ ನೆನಪಾದರು...

ಎಷ್ಟೋ ವರ್ಷಗಳ ಹಿಂದೆ ನಾನು ಹೊಸಪೇಟೆಯ ಒಂದು ಹೋಟೆಲಿನಲ್ಲಿ ಸ್ಟೋರ್ ನೋಡಿಕೊಳ್ಳುತ್ತಿದ್ದೆ. ಹಂಪಿ ನೋಡಲು ಬಂದ ಪ್ರವಾಸಿಗರಿಗಾಗಿ ಬೇಯಿಸಿದ ಲಾಬ್‌ಸ್ಟರ್ ಗೋವಾದಿಂದ ರೈಲಿನಲ್ಲಿ, ಐಸ್ ಪೆಟ್ಟಿಗೆಯಲ್ಲಿ ಬರುತ್ತಿತ್ತು. ನಾನು ಕಂಪ್ಲಿಯವನು, ಹೊಳೆಮೀನು ತಿಂದು ಬೆಳೆದವನು. ಕಡಲಿನ ಮಾಲು ಕೆಟ್ಟದ್ದೋ ಒಳ್ಳೆಯದೋ ತಿಳಿಯುತ್ತಿರಲಿಲ್ಲ.

ಮಾಸ್ಟರ್ ಕಾರವಾರದ ಕಡೆಯವರು. ಚೂರು ಬೆಣ್ಣೆ ಸವರಿ, ಫಾಯಿಲ್ ಸುತ್ತಿ, ಹಬೆಯಲ್ಲಿಡುತ್ತಿದ್ದರು. ಒಳಗಿನವರೆಗೂ ಬಿಸಿಯಾದೊಡನೆ ಇಳಿಸಿಬಿಡುತ್ತಿದ್ದರು. ಎರಡನೇ ಸಲ ಕಾಯಿಸುತ್ತಿರಲಿಲ್ಲ. ಎರಡು ತಾಸು ಹೊರಗೆ ಉಳಿದದ್ದನ್ನು ಕೆಟ್ಟಿತು ಎನ್ನುತ್ತಿದ್ದರು. ಆದರೆ ಕಸದ ಬುಟ್ಟಿಯಲ್ಲಿ ಅದು ಎಂದೂ ಕಾಣುತ್ತಿರಲಿಲ್ಲ. ಊಟದ ಹೊತ್ತು ಮುಗಿದ ಮೇಲೆ ಅವರು ಸ್ಟೀಲ್ ಡಬ್ಬಿ ಹಿಡಿದು ಹಿಂಬಾಗಿಲಿನಿಂದ ಹೊರಡುತ್ತಿದ್ದರು. ಬೇರೆ ಹೋಟೆಲಿಗೆ ಸಾಗಿಸುತ್ತಾರೆಂದು ನನಗೆ ಗುಮಾನಿ.

ಒಂದು ಮಧ್ಯಾಹ್ನ ಸಂಡೂರಿನ ಗಣಿ ಗುತ್ತಿಗೆದಾರರ ಊಟದಲ್ಲಿ ಮೂರು ಇಡಿಯಾಗಿ ಉಳಿದವು. ಕೇಳಿದರೆ ಮಾಸ್ಟರ್ ನನ್ನ ಮುಖ ನೋಡದೆ ಕೆಟ್ಟಿವೆ ಎಂದು ಡಬ್ಬಿ ಮುಚ್ಚಿದರು. ನನ್ನ ಮೂಗಿಗೆ ಯಾವ ವಾಸನೆಯೂ ಬರಲಿಲ್ಲ. ಮಾಸ್ಟರ್ ಮಾಲು ಸಾಗಿಸುತ್ತಿದ್ದಾರೆಂದು ನೇರ ಮಾಲೀಕರಿಗೆ ಹೇಳಿದೆ. ಆಮೇಲೆ ಪುರಾವೆಗೆಂದು ಮಾಸ್ಟರ್ ಹಿಂದೆಯೇ ಹೋದೆ.

ಕಾಲುವೆ ದಂಡೆಯಲ್ಲಿ ಅವರು ಸಲಿಕೆಯಿಂದ ಗುಂಡಿ ತೋಡಿ, ಲಾಬ್‌ಸ್ಟರ್ ಸುರಿದು, ಫಿನಾಯಿಲ್ ಹೊಯ್ದು ಮಣ್ಣು ಮುಚ್ಚುತ್ತಿದ್ದರು. ತಿರುಗಿ ನನ್ನನ್ನು ಕಂಡರು.

"ಬುಟ್ಟ್ಯಾಗ ಹಾಕಿದ್ರ ಪಾತ್ರೆ ತೊಳ್ಯಾಕಿ ಮನಿಗೆ ಒಯ್ತಾಳ್ರಿ. ವಾಸನಿ ಬರಂಗಿಲ್ಲ, ಆದ್ರ ಹೊಟ್ಟಿ ಕೆಡ್ತದ. ಆಕಿ ಮಕ್ಳು ಭಾಳ ಸಣ್ಣವು."

ಓಡಿ ಬಂದು ಕಂಡದ್ದನ್ನು ಮಾಲೀಕರಿಗೆ ಹೇಳಿದೆ. ಅವರು ಆಗಲೇ ಫೋನ್ ಮಾಡಿ ಬೇರೊಬ್ಬ ಅಡುಗೆಯವರನ್ನು ಗೊತ್ತುಮಾಡಿದ್ದರು. "ಹೂಳಲಿ, ಮಾರಲಿ, ನನ್ನ ಮಾಲು ಹೋತೋ ಇಲ್ಲೋ?" ಎಂದರು. ತಪ್ಪು ನನ್ನದು, ಅವರನ್ನು ಬಿಡಿಸಬೇಡಿ ಎನ್ನಬಹುದಿತ್ತು. ಸ್ಟೋರಿಗೆ ಮರಳಿದೆ...

ಮರುದಿನ ಮಾಸ್ಟರ್ ಚಾಕುಗಳನ್ನು ಟವೆಲಿನಲ್ಲಿ ಸುತ್ತಿಕೊಂಡು ಹೊರಟರು. "ಹೊಸಬರಿಗೆ ಹೇಳ್ರಿ, ಒಮ್ಮಿ ಕಾಸಿದ್ದು ಮತ್ತ ಕಾಸಬ್ಯಾಡ್ರಿ ಅಂತ. ರಬ್ಬರ್ ಆಗ್ತದ" ಎಂದರು, ಅಷ್ಟೇ. ಚಾಡಿ ಹೇಳಿದ್ದು ಯಾರೆಂದು ಕೇಳಲಿಲ್ಲ. ಗೊತ್ತಿದ್ದೇ ಕೇಳಲಿಲ್ಲವೇ?

ಹೊಸಬರು ಉಳಿದದ್ದನ್ನು ಬುಟ್ಟಿಗೇ ಹಾಕತೊಡಗಿದರು. ಆಮೇಲೆ ಅದನ್ನು ಬುಟ್ಟಿಯಿಂದ ಡಬ್ಬಿಗೆ ತುಂಬಿಕೊಂಡು, ಸಲಿಕೆ ಹಿಡಿದು ಕಾಲುವೆಗೆ ಹೋದವನು ನಾನು. ಈಗ ಅಡುಗೆಮನೆಯವರ ಗುಮಾನಿಯ ಕಣ್ಣು ನನ್ನ ಡಬ್ಬಿಯ ಮೇಲೆ ಬಿತ್ತು. ವರ್ಷದೊಳಗೆ ಆ ಕೆಲಸ ಬಿಟ್ಟೆ.

ಕಾರವಾರದಿಂದ ಬಂದವರನ್ನೆಲ್ಲ ವಿಚಾರಿಸುತ್ತಲೇ ಇದ್ದೆ. ಹೋದ ವರ್ಷ ಒಬ್ಬ ಲಾರಿ ಡ್ರೈವರ್, ಅವರು ತೀರಿಕೊಂಡು ಬಹಳ ದಿನವಾಯಿತು ಎಂದ. ದೂರು ಹೇಳಿದವನು ನಾನೇ ಎಂದು ಅವರೆದುರು ನಿಂತು ಒಪ್ಪಿಕೊಳ್ಳಬೇಕಿತ್ತು. ಅದು ಹಾಗೆಯೇ ಉಳಿದುಹೋಯಿತು.