ಕುದುರೆ ಸಾಲಿನ ಪದಾತಿ

ನನ್ನ ಮಾವನವರ ಹತ್ತಿರ ಒಂದು ದಪ್ಪ ನೋಟ್‌ಬುಕ್ಕಿತ್ತು. ಅತ್ತೆ ಅದನ್ನು ಜಾತಕದ ಪುಸ್ತಕ ಎಂದು ಹಂಗಿಸುತ್ತಿದ್ದರು. ಹೊರದೇಶದ ಚದುರಂಗದ ಆಟಗಾರರು ಯಾವ ಊರಲ್ಲಿ ಹುಟ್ಟಿದರು, ಎಷ್ಟನೇ ವಯಸ್ಸಿಗೆ ಯಾರನ್ನು ಸೋಲಿಸಿದರು, ಯಾವ ವರ್ಷ ಜಗತ್ತಿನ ಪಟ್ಟ ಗೆದ್ದರು, ಯಾವ ವರ್ಷ ಕಳೆದುಕೊಂಡರು ಎಂಬುದನ್ನೆಲ್ಲ ಒಬ್ಬೊಬ್ಬರಿಗೆ ಒಂದೊಂದು ಪುಟ ಮೀಸಲಿಟ್ಟು ಬರೆದಿದ್ದರು. ಸೊರಬಕ್ಕೆ ಆಗ ಇಂಗ್ಲಿಷ್ ಪತ್ರಿಕೆ ಒಂದು ದಿನ ತಡವಾಗಿ ಬರುತ್ತಿತ್ತು. ಅದರಲ್ಲಿ ಚದುರಂಗದ ಸುದ್ದಿಯಿದ್ದರೆ ಮಾವನವರ ಕಾಫಿ ಆರಿಹೋಗುತ್ತಿತ್ತು. ಸ್ವಂತ ಮಕ್ಕಳ ವಯಸ್ಸು ಕೇಳಿದರೆ ಅತ್ತೆಯ ಮುಖ ನೋಡುವವರು, ರಷ್ಯದವರ ವಯಸ್ಸನ್ನು ಮಾತ್ರ ತಿಂಗಳ ಸಮೇತ ಹೇಳುತ್ತಿದ್ದರು. ಮೇಷ್ಟರಾಗಿ ನಿವೃತ್ತರಾದವರು, ಬರೆದಿಡುವ ಚಟ ಹೋಗಿರಲಿಲ್ಲ.

ನಾನು ಮದುವೆಯಾಗಿ ಶಿಕಾರಿಪುರದಿಂದ ಆ ಮನೆಗೆ ಬಂದದ್ದು ಐವತ್ತರ ದಶಕದ ಕೊನೆಯಲ್ಲಿ. ನನಗೂ ಚದುರಂಗ ಬರುತ್ತದೆ ಎಂದು ನಾನಾಗಿ ಯಾರಿಗೂ ಹೇಳಲಿಲ್ಲ. ಕಲಿಸಿದವನು ಅಪ್ಪ. ಅವನು ರೈತ, ಹೊಲದ ಕೆಲಸ ಇಲ್ಲದ ದಿನ ಗುಡಿಯ ಕಟ್ಟೆಯ ಮೇಲೆ ಅವ್ವ ಬಟ್ಟೆಯಲ್ಲಿ ಹೊಲಿದುಕೊಟ್ಟ ಚದುರಂಗದ ಹಾಸು ಬಿಚ್ಚಿದನೆಂದರೆ ಈಸೂರಿನಿಂದಲೂ ಆಡುವವರು ಬರುತ್ತಿದ್ದರು. ಅಪ್ಪ ಸೋತು ಎದ್ದದ್ದನ್ನು ನಾನು ಕಂಡವಳಲ್ಲ. ಆಡುವವರು ಸಿಗದ ದಿನ ನನ್ನನ್ನು ಕೂರಿಸಿಕೊಳ್ಳುತ್ತಿದ್ದ.

ನಮ್ಮ ಕಡೆಯ ಆಟದಲ್ಲಿ ಪದಾತಿ ಒಂದೇ ಹೆಜ್ಜೆ ಇಡಬೇಕು. ಅದು ಎದುರಿನ ಕೊನೆಯ ಮನೆ ಮುಟ್ಟಿದರೆ ತಾನು ನಡೆದು ಬಂದ ಸಾಲಿನ ಕಾಯಿ ಆಗುತ್ತದೆ: ಆನೆ ಸಾಲಿನದು ಆನೆ, ಕುದುರೆ ಸಾಲಿನದು ಕುದುರೆ. ಎಲ್ಲಕ್ಕಿಂತ ದೊಡ್ಡ ಕಟ್ಟಳೆ ಇನ್ನೊಂದಿತ್ತು. ಎದುರಿನವನ ರಾಜನ ಜೊತೆಗೆ ಒಂದು ಕಾಯಿಯನ್ನಾದರೂ ಬಿಡಬೇಕು. ಎಲ್ಲವನ್ನೂ ಹೊಡೆದು ರಾಜನನ್ನು ಒಂಟಿ ಮಾಡಿದರೆ ಅದು ಗೆಲುವಲ್ಲ, ಆಟ ಸಮ. ಅಪ್ಪನಿಗೆ ಇದು ಲೆಕ್ಕದ ಮಾತಷ್ಟೇ ಆಗಿರಲಿಲ್ಲ, ಮರ್ಯಾದೆಯ ಮಾತು. "ಎದುರಿಗೆ ಕುಂತಾನ ಬರಿಗೈ ಮಾಡಿ ಕಳಿಸಬಾರದವ್ವಾ" ಅನ್ನುತ್ತಿದ್ದ.

ಮಾವ ಆಡುತ್ತಿದ್ದದ್ದು ಪತ್ರಿಕೆಯ ಆಟ. ಅದರಲ್ಲಿ ಪದಾತಿ ಮೊದಲ ಸಲ ಎರಡು ಹೆಜ್ಜೆ ಹೋಗಬಹುದು, ರಾಜ ಆನೆಯ ಮರೆಗೆ ಸರಿಯಬಹುದು. ಸೊರಬದಲ್ಲಿ ಆ ಆಟ ಆಡುವವರು ಇನ್ನೊಬ್ಬರಿರಲಿಲ್ಲ. ಹಾಗಾಗಿ ಮಾವ ಎರಡೂ ಕಡೆ ತಾವೇ ಕೂತು, ಜಗತ್ತಿನ ದೊಡ್ಡ ಆಟಗಳನ್ನು ಮತ್ತೆ ಮತ್ತೆ ನಡೆಸುತ್ತಿದ್ದರು. ನೆಲ ಸಾರಿಸುವ ನೆಪದಲ್ಲಿ ನಾನು ನೋಡುತ್ತಿದ್ದೆ. ಅವರು ಹೊರಗೆ ಹೋದಾಗ ನೋಟ್‌ಬುಕ್ಕನ್ನೂ ಓದುತ್ತಿದ್ದೆ. ಮೂರು ತಿಂಗಳಲ್ಲಿ ಆ ಆಟದ ಕಟ್ಟಳೆಗಳೆಲ್ಲ ನನಗೆ ತಿಳಿದಿದ್ದವು.

ಬೀಗರಿಗೆ ಆಟ ಬರುತ್ತದೆ ಎಂಬ ಸುದ್ದಿ ಮಾವನ ಕಿವಿಗೆ ಹೇಗೋ ಬಿತ್ತು. ಅಪ್ಪ ನನ್ನನ್ನು ನೋಡಲು ಬಂದ ಬೆಳಿಗ್ಗೆ, ಅವನು ಕಾಲು ತೊಳೆಯುವುದರೊಳಗೆ ಮಾವ ಚದುರಂಗದ ಮಣೆ ಹಾಕಿ ಕಾದಿದ್ದರು. ಅಪ್ಪನ ಚೀಲದಲ್ಲೂ ಹಾಸು ಇತ್ತು. ಇಬ್ಬರಿಗೂ ಅದೇ ಬೇಕಿತ್ತು. ಹೊರದೇಶದ ಆಟವನ್ನೇ ಆಡೋಣ ಎಂದು ಮಾವ ಕೇಳಿಕೊಂಡರು. ಎರಡು ಹೆಜ್ಜೆಯ ವಿಷಯ, ಆನೆಯ ಮರೆಯ ವಿಷಯ ಎಲ್ಲ ವಿವರಿಸಿದರು. "ಆಗ್ಲಿ ರೀ ಬೀಗರೇ" ಅಂದ ಅಪ್ಪ.

ಅಪ್ಪ ಎಷ್ಟು ಚೆನ್ನಾಗಿ ಆಡಿದ! ಅಡುಗೆಮನೆ ಬಾಗಿಲಲ್ಲಿ ನಿಂತು ನೋಡುತ್ತಿದ್ದ ನನಗೆ ಹೆಮ್ಮೆಯಿಂದ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಹೊಸ ಕಟ್ಟಳೆ ಕೇಳಿದ ಅರ್ಧ ದಿನದಲ್ಲಿ ಮಾವನ ಕಾಯಿಗಳನ್ನೆಲ್ಲ ತೆಗೆದ. ಕೊನೆಗೆ ಮಾವನ ಹತ್ತಿರ ಉಳಿದದ್ದು ರಾಜ ಮತ್ತು ಕುದುರೆ ಸಾಲಿನ ಒಂದು ಪದಾತಿ. ಅಪ್ಪ ಅದನ್ನು ಯಾವಾಗ ಬೇಕಾದರೂ ಹೊಡೆಯಬಹುದಿತ್ತು. ಹೊಡೆಯಲಿಲ್ಲ, ಬಿಟ್ಟ. ಅದು ಕೊನೆ ಮುಟ್ಟಿದರೂ ಕುದುರೆ ತಾನೆ, ಒಂಟಿ ಕುದುರೆ ಏನು ಮಾಡೀತು ಎಂಬುದು ಅವನ ಲೆಕ್ಕ.

ಕೊನೆ ಮುಟ್ಟಿದ ಪದಾತಿ ಏನಾಗುತ್ತದೆ ಎಂಬ ಕಟ್ಟಳೆಯೊಂದನ್ನೇ ಮಾವ ಹೇಳದೆ ಬಿಟ್ಟಿದ್ದರು. ಆದರೆ ಹೊಸ ಸೊಸೆ ಬೀಗರಿಬ್ಬರ ನಡುವೆ ಬಾಯಿ ಹಾಕುವುದುಂಟೆ? ಬಾಗಿಲಲ್ಲೇ ನಿಂತೆ. ಪದಾತಿ ಒಂದೊಂದೇ ಮನೆ ನಡೆದು ಕೊನೆ ಮುಟ್ಟಿತು. ಮಾವ ಅದನ್ನು ತೆಗೆದು ಅಲ್ಲಿ ಮಂತ್ರಿಯನ್ನು ಇಟ್ಟರು.

"ಬೀಗರೇ, ಅದು ಕುದುರೆ ಸಾಲು ಅಲ್ಲೇನ್ರೀ?"

"ಈ ಆಟದಲ್ಲಿ ಯಾವ ಸಾಲಾದ್ರೂ ಮಂತ್ರಿ ಆಗ್ತದೆ. ಹೇಳೋದೇ ಮರ್ತೆ ನೋಡಿ. ಬೇಕಾದ್ರೆ ನಿಮ್ಮ ನಡೆ ಹಿಂದಕ್ಕೆ ತಗೊಳ್ಳಿ" ಎಂದರು ಮಾವ.

"ಇಟ್ಟ ಕಾಯಿ ತೆಗೆಯೋ ರೂಢಿ ನಮ್ಮಲ್ಲಿಲ್ಲ ರೀ. ಆಡ್ರಿ."

ಆಡಿದರು. ಅಪ್ಪನ ಹತ್ತಿರವೂ ಎರಡು ಮೂರು ಸಣ್ಣ ಕಾಯಿಗಳಷ್ಟೇ ಉಳಿದಿದ್ದವು; ಮಂತ್ರಿ ಬಂದ ಮೇಲೆ ಆಟ ಬೇಗ ಮುಗಿಯಿತು, ಅಪ್ಪ ಸೋತ. ಅತ್ತೆ ಬೀಗರಿಗೆಂದು ಹೋಳಿಗೆ ಮಾಡಿದ್ದರು. ಅಪ್ಪ ಒಂದನ್ನು ಮುರಿದು ಬಾಯಿಗಿಟ್ಟು, ಎತ್ತಿಗೆ ಹುಷಾರಿಲ್ಲ ಎಂದು ಎದ್ದ. ಬಾಗಿಲಲ್ಲಿ ಹಾಸನ್ನು ಸುರುಳಿ ಸುತ್ತಿ ನನ್ನ ಕೈಗೆ ಕೊಟ್ಟ. "ಇದು ಇಲ್ಲೇ ಇರಲವ್ವಾ. ನನಗಿನ್ನ ಯಾಕೆ" ಅಂದ. ಅವ್ವ ಹೊಲಿದ ಹಾಸು ಅದು, ಅವ್ವ ತೀರಿಕೊಂಡು ನಾಲ್ಕು ವರ್ಷವಾಗಿತ್ತು. ನನಗೆ ಅಳು ಬಂತು, ಮಾವನ ಮೇಲೆ ಸಿಟ್ಟೂ ಬಂತು, ನನ್ನ ಮೇಲೆ ಎಲ್ಲಕ್ಕಿಂತ ಹೆಚ್ಚು.

ಆಮೇಲೆ ಎರಡು ತಿಂಗಳು ಅಪ್ಪ ಬರಲಿಲ್ಲ. ಶಿರಾಳಕೊಪ್ಪದ ಸಂತೆಗೆ ಬಂದವನು ಅಲ್ಲಿಂದಲೇ ಹಿಂದಿರುಗಿದನಂತೆ. ಸೊರಬದ ಬಸ್ಸು ಎದುರಿಗೇ ನಿಂತಿತ್ತು ಎಂದು ಕಂಡವರು ಹೇಳಿದರು. ಕಟ್ಟೆಯ ಮೇಲೂ ಆಟ ನಿಂತಿತ್ತು. ಹೀಗೇ ಬಿಟ್ಟರೆ ಈ ಮನೆಯ ಹೊಸಿಲನ್ನು ಅವನು ಮತ್ತೆ ತುಳಿಯುವುದಿಲ್ಲ ಎನ್ನಿಸಿತು.

ಒಂದು ಮಧ್ಯಾಹ್ನ ಅತ್ತೆ ಅಕ್ಕಿ ಆರಿಸುತ್ತಿದ್ದಾಗ ನಾನು ಹಾಸನ್ನು ತಂದು ಜಗಲಿಯಲ್ಲಿ ಬಿಚ್ಚಿದೆ.

"ಮಾವ, ಒಂದಾಟ ಆಡೋಣ."

ಮಾವ ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. "ನಿಂಗೆ ಬರ್ತದೇನಮ್ಮ?"

"ಅಪ್ಪ ಕಲಿಸಿದಷ್ಟು ಬರುತ್ತೆ. ಮಿಕ್ಕಿದ್ದು ನಿಮ್ಮ ಪುಸ್ತಕದ್ದು."

"ಮನೇಲೇ ಜೊತೆ ಇದ್ದೂ ಇಷ್ಟು ದಿನ ಒಬ್ಬನೇ ಆಡಿದ್ನಲ್ಲ" ಎಂದು ನಕ್ಕರು. ಅತ್ತೆ ಮೊರದಿಂದ ತಲೆ ಎತ್ತಿ, ಒಬ್ಬರಿಗೆ ಈ ಹುಚ್ಚು ಹಿಡಿದದ್ದು ಸಾಲದಾಗಿತ್ತು ಎಂದು ಗೊಣಗಿದರು.

ಹತ್ತು ಹನ್ನೆರಡು ಆಟ ಸೋತೆ. ಆಮೇಲೊಂದು ದಿನ ಮಾವನ ಹತ್ತಿರ ರಾಜ ಮತ್ತು ಒಂದೇ ಒಂದು ಪದಾತಿ ಉಳಿದವು. ಅದನ್ನು ಹೊಡೆಯಲು ಕೈ ಚಾಚಿದೆ, ಆದರೆ ಅಪ್ಪನ ಮಾತು ನೆನಪಾಗಿ ಕೈ ನಿಂತಿತು. ಸುಮ್ಮನೆ ಬಿಟ್ಟರೆ ಅದು ಮಂತ್ರಿಯಾಗುತ್ತದೆ. ಬಹಳ ಹೊತ್ತು ಯೋಚಿಸಿ ನನ್ನ ಒಂಟೆಯನ್ನು ತಂದು ಅದರ ಮುಂದೆ ನಿಲ್ಲಿಸಿದೆ. ಎದುರಿಗೆ ಕಾಯಿ ನಿಂತರೆ ಪದಾತಿ ಮುಂದೆ ಹೋಗುವಂತಿಲ್ಲ. ಮಿಕ್ಕ ಕೆಲಸವನ್ನು ನನ್ನ ಎರಡು ಆನೆಗಳು ಮುಗಿಸಿದವು.

ಮೊದಲ ಸಲ ಗೆದ್ದ ಖುಷಿಯಲ್ಲಿದ್ದ ನನ್ನನ್ನು ಮಾವ ಕೇಳಿದರು, "ಪದಾತಿ ಪುಕ್ಕಟೆ ಸಿಕ್ತಿತ್ತು. ಯಾಕೆ ತಗೊಳ್ಳಲಿಲ್ಲ?"

ನಮ್ಮ ಕಡೆಯ ಕಟ್ಟಳೆ ಹೇಳಿದೆ. ಅಪ್ಪನ ಮಾತನ್ನೂ ಹೇಳಿದೆ. ಮಾವ ಆ ಪದಾತಿಯನ್ನು ಕೈಗೆತ್ತಿಕೊಂಡು ತಿರುಗಿಸಿ ನೋಡಿದರು.

"ಹಂಗಾದ್ರೆ ಬೀಗರು ಕಾಣದೆ ಬಿಟ್ಟದ್ದಲ್ಲ. ನಂಗೆ ಮರ್ಯಾದೆ ಕೊಟ್ಟು ಬಿಟ್ಟದ್ದು" ಎಂದರು. ಅವರ ಮುಖ ಕೆಂಪಾಗಿತ್ತು. ಎದ್ದುಹೋಗಿ ಒಂದು ಅಂಚೆ ಕಾರ್ಡು ತಂದು ನನ್ನ ಮುಂದಿಟ್ಟರು. "ನಿಮ್ಮಪ್ಪನಿಗೆ ಬರಿ."

ಕಾರ್ಡಿನಲ್ಲಿ ಎರಡೇ ಸಂಗತಿ ಬರೆದೆ. ಒಂದು, ಮಾವನ ಪುಸ್ತಕದಲ್ಲಿ ಓದಿದ್ದು: ರಷ್ಯದಲ್ಲಿ ಜಗತ್ತಿನ ಪಟ್ಟವನ್ನೇ ಸೋತ ಒಬ್ಬರು ಮರುವರ್ಷ ಅದೇ ಎದುರಾಳಿಯ ಮುಂದೆ ಹೋಗಿ ಕೂತರು, ಪಟ್ಟ ವಾಪಸು ಗೆದ್ದರು. ಇನ್ನೊಂದು: ಪದಾತಿಯನ್ನು ಹೊಡೆಯಬೇಕಾಗಿಲ್ಲ ಅಪ್ಪ, ಮುಂದೆ ಒಂಟೆ ನಿಲ್ಲಿಸಿದರೆ ಸಾಕು.

ಮುಂದಿನ ವಾರ ಅಪ್ಪ ಬಂದ. ಮತ್ತೆ ಹೊರದೇಶದ ಆಟಕ್ಕೇ ಕೂತರು ಇಬ್ಬರೂ. ಸಂಜೆ ದೀಪ ಹಚ್ಚುವ ಹೊತ್ತಿಗೆ ಮಾವನ ಹತ್ತಿರ ರಾಜ ಮತ್ತು ಪದಾತಿ ಮಾತ್ರ ಇದ್ದವು. ಅಪ್ಪ ಒಂಟೆಯನ್ನು ಎತ್ತಿ ಪದಾತಿಯ ಮುಂದೆ ಇಟ್ಟು, ಬಾಗಿಲಲ್ಲಿದ್ದ ನನ್ನ ಕಡೆ ಒಮ್ಮೆ ನೋಡಿದ. ಮುಂದೆ ಏಳೆಂಟು ನಡೆಗೆ ಮಾವನ ರಾಜ ಸಿಕ್ಕಿಬಿದ್ದ.

ಮಾವ ನೋಟ್‌ಬುಕ್ಕು ತಂದರು. ಜಗತ್ತನ್ನು ಗೆದ್ದವರ ಪುಟಗಳನ್ನು ದಾಟಿ ಒಂದು ಹೊಸ ಹಾಳೆ ತೆರೆದು, ತಲೆಬರಹಕ್ಕೆ 'ಶಿಕಾರಿಪುರದ ಬೀಗರು' ಎಂದು ಬರೆದರು.

"ಹುಟ್ಟಿದ ವರ್ಷ ಹೇಳಿ ಬೀಗರೇ."

"ಯಾರಿಗೆ ಗೊತ್ತು ರೀ. ಪ್ಲೇಗಿನ ವರ್ಷ ಅಂತಿದ್ಲು ನಮ್ಮವ್ವ."

ಅದನ್ನೇ ಬರೆದುಕೊಂಡರು. ಕೆಳಗೆ ಅಂದಿನ ಆಟದ ನಡೆಗಳನ್ನೆಲ್ಲ ನೆನಪಿಸಿಕೊಂಡು, ಮರೆತದ್ದನ್ನು ನನ್ನನ್ನು ಕೇಳಿ, ಒಂದೂ ಬಿಡದೆ ಬರೆದರು. ಆ ರಾತ್ರಿ ಅಪ್ಪ ನಾಲ್ಕು ಹೋಳಿಗೆ ತಿಂದ, ಅತ್ತೆ ಐದನೆಯದನ್ನೂ ಬಡಿಸಿದರು. ಬೆಳಿಗ್ಗೆ ಅವನು ಬಸ್ಸು ಹತ್ತುವಾಗ ಅವ್ವ ಹೊಲಿದ ಹಾಸು ಅವನ ಕಂಕುಳಲ್ಲಿತ್ತು.