ಮಿರಗದ ಕಾಗದ

ಶಹಾಬಾದಿನಲ್ಲಿ, ನೆಲಕ್ಕೆ ಹಾಸುವ ಫರಸಿ ಕಲ್ಲಿನ ಒಂದು ಪಾಲಿಶ್ ಕಾರ್ಖಾನೆಯಲ್ಲಿ ಖಂಡೆಪ್ಪ ಮೂವತ್ತೊಂದು ವರ್ಷ ಮುಕಾದಮನಾಗಿದ್ದ. ಆಳುಗಳನ್ನು ಕರೆತರುವುದು, ಹಾಜರಿ ಹಾಕುವುದು, ಮಾಲಕನ ಬೈಗುಳವನ್ನು ಅರ್ಧಕ್ಕಿಳಿಸಿ ಆಳುಗಳಿಗೆ ಮುಟ್ಟಿಸುವುದು ಅವನ ಕೆಲಸ. ಈ ಕೊನೆಯದರಲ್ಲಿ ಅವನಂಥ ಜಾಣ ವಾಡಿಯಿಂದ ಚಿತ್ತಾಪುರದವರೆಗೆ ಹುಡುಕಿದರೂ ಸಿಗುತ್ತಿರಲಿಲ್ಲ. ಏಳನೆಯ ಇಯತ್ತೆ ಓದಿದ್ದ. ಅಷ್ಟು ಜನರಲ್ಲಿ ಅಕ್ಷರ ಬಲ್ಲವನು ಅವನೊಬ್ಬನೇ, ಅದರ ಹೆಮ್ಮೆಯೂ ತುಸು ಜಾಸ್ತಿಯೇ ಇತ್ತು.

ಜೂನಿನಲ್ಲಿ ಮಿರಗದ, ಅಂದರೆ ಮೃಗಶಿರೆಯ ಮಳೆ ಹಿಡಿಯಿತೆಂದರೆ ಗಣಿಯಲ್ಲಿ ನೀರು ನಿಂತು ಕಲ್ಲು ಬರುವುದಿಲ್ಲ. ನಾಲ್ಕು ತಿಂಗಳು ಕಾರ್ಖಾನೆಗೆ ಬೀಗ. ಬೀಗ ಹಾಕುವ ಮುನ್ನಾ ದಿನ ಮಾಲಕ ಎಲ್ಲರಿಂದಲೂ ಒಂದೊಂದು ಕಾಗದಕ್ಕೆ ಹೆಬ್ಬೆಟ್ಟು ಒತ್ತಿಸಿಕೊಂಡು, ಕೈಗೆ ಒಂದಿಷ್ಟು ದುಡ್ಡು, ಒಂದು ಕಿಲೋ ಸಕ್ಕರೆ ಕೊಡುತ್ತಿದ್ದ. ಮಿರಗದ ಕಾಗದ ಎಂದೇ ಅದರ ಹೆಸರು. ಮೊದಲ ವರ್ಷವೇ ಖಂಡೆಪ್ಪ ಅದನ್ನು ಓದಿದ್ದ. ‘ಸ್ವಂತ ಮನಸ್ಸಿನಿಂದ ಕೆಲಸ ಬಿಟ್ಟಿದ್ದೇನೆ, ನನಗೆ ಬರಬೇಕಾದದ್ದೆಲ್ಲ ಬಂದಿದೆ’ ಎಂದಿತ್ತು. ಕೇಳಿದ್ದಕ್ಕೆ ಮಾಲಕ, “ಬರೀ ದಸ್ತೂರ್ ಖಂಡೆಪ್ಪ, ದಸರಾಕ್ಕ ಮತ್ತ ಎಲ್ಲಾರ್ನೂ ಕರೀತೀನಲ್ಲ” ಎಂದು ನಕ್ಕ. ಅಲ್ಲಿಗೆ ಮಾತು ಮುಗಿಯಿತು.

ಪಾಲಿಶ್ ಮಶೀನಿನ ಜಾನಬಿ ಹೊಸದಾಗಿ ಬಂದ ವರ್ಷ ಮಾತ್ರ ಹಿಂದೆಮುಂದೆ ನೋಡಿದಳು. “ಅಣ್ಣಾ, ಏನ್ ಬರ್ದಾರ ಇದ್ರಾಗ?”

“ಮಳಿಗಾಲದ ಸೂಟಿ ಕಾಗದ. ನೋಡು, ನಾನೇ ಮೊದ್ಲು ಹಾಕ್ತೀನಿ.”

ಅವನು ಸಹಿ ಹಾಕಿದ. ಅವಳು ಒತ್ತಿದಳು. ಮುಂದೆ ಪ್ರತಿ ವರ್ಷ ಅದೇ ಪದ್ಧತಿಯಾಯಿತು. ಮುಕಾದಮನೇ ಮೊದಲು ಹಾಕಿದ ಮೇಲೆ ಕೇಳುವುದೇನಿದೆ ಎಂದು ಉಳಿದವರೂ ಸಾಲು ನಿಂತರು.

ಇಪ್ಪತ್ತಾರು ವರ್ಷ ಕಲ್ಲಿನ ರಾಡಿಯಲ್ಲಿ ಕೈ ನೆನೆಸಿದ ಜಾನಬಿಗೆ ಒಂದು ದಿನ, ನಾಳೆಯಿಂದ ಬರಬೇಡ ಎಂದರು. ಯಾರೋ ಹೇಳಿದರೆಂದು ಅವಳು ಗ್ರಾಚ್ಯುಟಿಗಾಗಿ ಕೇಸು ಹಾಕಿದಳು. ಮಾಲಕ ಮಿರಗದ ಕಾಗದಗಳನ್ನು ಹೊರತೆಗೆದ. ಸತತ ಐದು ವರ್ಷ ದುಡಿದವರಿಗಷ್ಟೇ ಗ್ರಾಚ್ಯುಟಿ, ಪ್ರತಿ ವರ್ಷ ಕೆಲಸ ಬಿಟ್ಟವಳಿಗೆ ಎಲ್ಲಿಂದ ಬರಬೇಕು? ಆಮೇಲೆ ಖಂಡೆಪ್ಪನನ್ನು ಕರೆಸಿದ. “ಓದಿ ತಿಳಿಸೇ ಹೆಬ್ಬೆಟ್ ಹಾಕ್ಸೀನಿ ಅಂತ ಒಂದ್ ಮಾತು ಹೇಳು. ನಿಂದು ನಾ ಬ್ಯಾರೆ ನೋಡ್ತೀನಿ.” ಖಂಡೆಪ್ಪನ ಹೆಂಡತಿ ಚಂದಮ್ಮನ ಮೊಣಕಾಲು ಮಡಚಲು ಬರುತ್ತಿರಲಿಲ್ಲ, ಆಪರೇಶನ್ ಆಗಬೇಕಿತ್ತು. ಅವನು ಹ್ಞೂಂ ಅಂದ.

ವಿಚಾರಣೆಗೆ ಕಲಬುರಗಿಯ ಲೇಬರ್ ಆಫೀಸಿಗೆ ಖಂಡೆಪ್ಪ, ಜಾನಬಿ ಇಬ್ಬರೂ ಒಂದೇ ಗಾಡಿಯಲ್ಲಿ ಹೋದರು. ಅವಳು ತನ್ನ ಬುತ್ತಿಯ ರೊಟ್ಟಿಯಲ್ಲಿ ಅವನಿಗೂ ಕೊಟ್ಟಳು, ಇವನು ತಿಂದ. ತಿಂದ ಬಾಯಿಂದಲೇ ಲೇಬರ್ ಸಾಹೇಬರ ಮುಂದೆ, “ಖರೇ ಅದರಿ, ಪ್ರತಿ ವರ್ಷಾ ಓದಿ ಹೇಳೀನ್ರಿ” ಎಂದ. ಸಾಹೇಬರು ಜಾನಬಿಯತ್ತ ತಿರುಗಿದರು.

“ಅಣ್ಣ ಹೇಳೀನಿ ಅಂದ್ರ ಹೇಳಿರಬೇಕ್ರಿ. ನನಗೇ ನೆಪ್ಪಿಲ್ಲ.”

ಅವಳ ವಕೀಲ ಹಣೆ ಚಚ್ಚಿಕೊಂಡ. ಕೇಸು ಬಿದ್ದುಹೋಯಿತು.

ಕೆಲವು ತಿಂಗಳಿಗೆ ಖಂಡೆಪ್ಪನಿಗೂ ವಯಸ್ಸಾಯಿತೆಂದು ಬಿಡಿಸಿದರು. ತನ್ನ ಹಕ್ಕಿನದನ್ನು ಕೇಳಲು ಹೋದವನ ಮುಂದೆ ಮಾಲಕ ಮೂವತ್ತೊಂದು ಕಾಗದಗಳನ್ನು ಹರಡಿದ. “ಓದಿ ತಿಳಿಸೀನಿ ಅಂತ ಸಾಹೇಬ್ರ ಮುಂದ ನೀನೇ ಹೇಳೀದಿ. ಓದಿ ಸಹಿ ಮಾಡಿದಾಂವಗ ನಾ ಏನ್ ಕೊಡ್ಲಿ?” ಮಾಲಕನನ್ನು ಬೈಯಲು ಈ ಕತೆ ಹೇಳುವ ನನಗೂ ಬಾಯಿ ತುರಿಸುತ್ತದೆ. ಆದರೆ ಖಂಡೆಪ್ಪ ಬೈಯಲಿಲ್ಲ. ತನ್ನ ದುಂಡಗಿನ ಸಹಿಗಳನ್ನು ನೋಡುತ್ತ ನಿಂತ.

ಅಲ್ಲಿಂದ ಸೀದಾ ಜಾನಬಿಯ ಮನೆಗೆ ನಡೆದ. ಆ ಹೊತ್ತಿಗೆ ಅವಳ ಕೇಸಿನ ಮೇಲ್ಮನವಿಯ ಅವಧಿ ಮುಗಿದು ಹೋಗಿತ್ತು.

“ಬರ್ರಿ ಅಣ್ಣಾ, ಕುಂದ್ರಿ,” ಎಂದು ಅವಳು ಎಂದಿನಂತೆಯೇ ಚಾಪೆ ಹಾಸಿದಳು. ಸೊಸೆ ಅಖ್ತರ ಬೇಗಂ ಚಹಾ ತಂದಿಟ್ಟು, “ನಮ್ಮ ಅತ್ತೀನ ಈಗ ಒಬ್ಬರನ್ನೇ ಹೊರಗ ಬಿಡಂಗಿಲ್ರಿ,” ಎಂದಳು. “ಕಲಬುರಗಿಯಿಂದ ಬಂದಾಗಿಂದ ತಲಿ ಹ್ವಾಗ್ಯಾದ, ಮರವು ಹತ್ತ್ಯಾದ ಅಂತ ಹೆದರ್ಲಿಕತ್ತಾರ. ನಮಾಜಿನ್ಯಾಗ ತಪ್ಪತೀನಿ ಅಂತ ನನ್ನ ಬಾಜೂಕೇ ಕುಂದ್ರಿಸ್ಕೋತಾರ.”

ಖಂಡೆಪ್ಪ ಚಹಾ ಮುಟ್ಟಲಿಲ್ಲ. “ಜಾನಬಿ, ನಾ ಸುಳ್ಳ ಹೇಳೀನಿ. ಒಂದ್ ವರ್ಷಾನೂ ನಿನಗ ಓದಿ ಹೇಳಿಲ್ಲ.”

ಬೈಯುತ್ತಾಳೆ, ಚಪ್ಪಲಿ ತೋರಿಸುತ್ತಾಳೆ, ತೋರಿಸಲಿ ಎಂದೇ ಅವನು ಬಂದಿದ್ದ. ಅವಳು ಮಾತ್ರ ಬಾಗಿಲಿನ ಚೌಕಟ್ಟು ಹಿಡಿದುಕೊಂಡು ನಿಧಾನ ಕೇಳಿದಳು.

“ಹಂಗಂದ್ರ ನಂಗ ಮರವು ಹತ್ತಿಲ್ಲ?”

“ಇಲ್ಲ.”

ಅವಳ ಮುಖ ಬೆಳಗಿತು. ಸೊಸೆಯನ್ನು ತಬ್ಬಿಕೊಂಡು, “ಕೇಳಿದೇನು, ನನ್ ತಲಿ ನೆಟ್ಟಗದ!” ಎಂದು ನಕ್ಕಳು. ಹೋದ ದುಡ್ಡಿನ ಮಾತೇ ಎತ್ತಲಿಲ್ಲ. ಖಂಡೆಪ್ಪನಿಗೆ ಅದನ್ನು ನೋಡಲಾಗಲಿಲ್ಲ. ಮೊಣಕಾಲುಗಳ ನಡುವೆ ತಲೆ ತಗ್ಗಿಸಿ, ಅವಳ ಚಾಪೆಯ ಮೇಲೆಯೇ ಕೂತು ಅತ್ತುಬಿಟ್ಟ.