ವೈವೇರಿಯಂ ಆಂಟಿ

ಆ ಅಂಗಡಿಯವನನ್ನು ನಾನು ಇವತ್ತಿಗೂ ಕ್ಷಮಿಸಿಲ್ಲ. ಮೊದಲೇ ಹೇಳಿಬಿಡುತ್ತೇನೆ, ಕೊನೆಗೆ ಇವಳು ದೊಡ್ಡ ಮನಸ್ಸು ಮಾಡಿ ಕ್ಷಮಿಸುತ್ತಾಳೆ ಅಂತ ಯಾರೂ ಕಾಯುತ್ತಾ ಕೂರಬೇಡಿ. ಅವನ ಅಂಗಡಿ ಇರುವ ರಸ್ತೆಯಲ್ಲಿ ಬಸ್ಸು ಹೋದರೆ ಈಗಲೂ ನಾನು ಆ ಕಡೆಯ ಕಿಟಕಿಗೆ ಬೆನ್ನು ಹಾಕಿ ಕೂರುತ್ತೇನೆ.

ನಾನು ವಿಮಾನಪುರದವಳು. ವಿಮಾನದ ಕಾರ್ಖಾನೆಯಲ್ಲಿ, ಪೈಲಟ್ ತಲೆಯ ಮೇಲೆ ಬರುವ ಗಾಜಿನಂಥ ಮುಚ್ಚಳ ಇರುತ್ತದಲ್ಲ, ಅದನ್ನು ಮಾಡುವ ಶೆಡ್ಡಿನಲ್ಲಿ ಫಿಟ್ಟರ್ ಆಗಿದ್ದೆ. ಐಟಿಐ ಮುಗಿಸಿ ಸೇರಿದಾಗ ಅಲ್ಲಿ ಹೆಂಗಸರು ನಾವು ಇಬ್ಬರೇ. ಅಷ್ಟು ವರ್ಷದಲ್ಲಿ ನನ್ನ ಕೈಯಿಂದ ಹೋದ ಒಂದೇ ಒಂದು ಪೀಸ್ ಕೂಡ ಕೆಂಪು ಬಣ್ಣ ಬಳಿಸಿಕೊಂಡು ವಾಪಸ್ ಬರಲಿಲ್ಲ. ಕೆಂಪು ಬಳಿದರೆ ಅದು ಕೆಟ್ಟ ಮಾಲು ಅಂತ ಅರ್ಥ. ಹೊಗಳಿಕೊಳ್ಳುತ್ತಾಳೆ ಅಂದುಕೊಳ್ಳಿ, ಪರವಾಗಿಲ್ಲ. ಹೊಗಳಿಕೊಳ್ಳುವುದಕ್ಕೆ ನನ್ನ ಹತ್ತಿರ ಇರುವುದು ಅದೊಂದೇ.

ನಿವೃತ್ತಿಯಾದ ಮೇಲೆ ಕೈ ಸುಮ್ಮನಿರಲಿಲ್ಲ. ಮನೆಯ ಟೆರೇಸಿನ ಮೇಲೆ ಶೀಟು ಹಾಕಿಸಿ, ಅಕ್ರಿಲಿಕ್ ಹಾಳೆ ಕೊಯ್ದು ಡಬ್ಬ ಮಾಡತೊಡಗಿದೆ. ಮೊದಲು ದೇವರ ಮಂಟಪ, ಆಮೇಲೆ ಮೀನಿನ ತೊಟ್ಟಿ. ಹೀಗಿರುವಾಗ ಇಂದಿರಾನಗರದ ಈ ಅಂಗಡಿಯವನು ನನ್ನನ್ನು ಹುಡುಕಿಕೊಂಡು ಬಂದ. ಪರದೇಶದ ಹಲ್ಲಿ, ಓತಿಕ್ಯಾತಗಳನ್ನು ಸಾಕುವವರಿಗೆ ಡಬ್ಬ ಮಾರುವುದು ಅವನ ವ್ಯಾಪಾರ. ಡ್ರಾಯಿಂಗ್ ಅವನು ಕೊಡುತ್ತಾನೆ, ಡಬ್ಬ ನಾನು ಮಾಡುತ್ತೇನೆ.

ಕಾರ್ಖಾನೆಯಲ್ಲಿ ನಮಗೆ ಡ್ರಾಯಿಂಗೇ ದೇವರು. ಅದರಲ್ಲಿ ಇಲ್ಲದ ಒಂದು ತೂತು ಕೊರೆಯುವ ಹಾಗಿಲ್ಲ, ಇರುವುದನ್ನು ಬಿಡುವ ಹಾಗಿಲ್ಲ. ತಪ್ಪಿದೆ ಅನ್ನಿಸಿದರೆ ಚೀಟಿ ಬರೆದು ಮೇಲಿನವರಿಗೆ ಕೊಡಬೇಕು, ಅವರು ಸಹಿ ಹಾಕಿದ ಮೇಲೆ ಉಳಿದದ್ದು. ಈ ಮಹಾನುಭಾವನ ಡ್ರಾಯಿಂಗ್ ನೋಡಿದರೆ ಗಾಳಿ ಆಡುವುದಕ್ಕೆ ಒಂದೇ ಒಂದು ತೂತಿಲ್ಲ! ಒಳಗೆ ಮೇಲ್ಗಡೆ ಬಿಸಿ ದೀಪ, ಮೂರು ಕಡೆ ಗೋಡೆ, ಮುಂದೆ ಜಾರುವ ಬಾಗಿಲು. ಬೇರೆ ಯಾರಾದರೂ ಮಾಡಿದರೆ ಬಾಗಿಲ ಸಂದಿಯಲ್ಲಾದರೂ ಗಾಳಿ ಹೋದೀತು. ನಾನು ಮಾಡಿದ ಬಾಗಿಲಲ್ಲಿ ಕೂದಲೂ ತೂರುವುದಿಲ್ಲ. ಅದರೊಳಗೆ ಜೀವ ಇಟ್ಟರೆ ಬೇಯುತ್ತದೆ. ಇವನಿಗೆ ಚೀಟಿ ಬರೆದು ಕೊಡುವುದೇನು ಅಂತ, ನಾನೇ ಎಡಗಡೆ ಕೆಳಗೊಂದು ಸಾಲು, ಬಲಗಡೆ ಮೇಲೊಂದು ಸಾಲು ತೂತು ಕೊರೆದು ಕೊಟ್ಟೆ. ಮೊದಲ ಡಬ್ಬದಿಂದಲೂ ಹಾಗೇ ನಡೆಯಿತು. ಅವನು ಒಂದು ದಿನವೂ ಅದನ್ನು ಗಮನಿಸಲಿಲ್ಲ.

ಒಂದು ದಿನ ಡಬ್ಬ ತೆಗೆದುಕೊಂಡು ಅಂಗಡಿಗೆ ಹೋದೆ. ಗಿರಾಕಿಗಳು ನಾಲ್ಕೈದು ಜನ ಇದ್ದರು.

"ಓತಿಕ್ಯಾತದ ಡಬ್ಬ ತಂದಿದ್ದೀನಪ್ಪ" ಅಂದೆ.

ಅವನು ಫೋನ್ ಎತ್ತಿ ನನ್ನ ಮುಖಕ್ಕೆ ಹಿಡಿದ. "ಆಂಟಿ, ಡಬ್ಬ ಅಲ್ಲ ಆಂಟಿ. ವೈವೇರಿಯಂ! ಎಲ್ಲಿ, ಕ್ಯಾಮೆರಾ ನೋಡ್ಕೊಂಡು ಹೇಳಿ, ವೈ-ವೇ-ರಿ-ಯಂ."

ಅಂಗಡಿಯ ಜಾಹೀರಾತಿಗೆ ಇರಬೇಕು ಅಂತ ನಾನೂ ಪೆದ್ದಿಯ ಹಾಗೆ ಹೇಳಿದೆ. ಇನ್ನೊಂದು ಸಲ ಅಂದ, ಹೇಳಿದೆ. ಮೂರನೇ ಸಲ ಹೇಳುವಾಗ ಗಿರಾಕಿಗಳು ನಗುತ್ತಿದ್ದದ್ದು ಕಂಡಿತು. "ಹಂಗಂದ್ರೇನು ಆಂಟಿ?" ಅಂದ. ಗೊತ್ತಿಲ್ಲ ಅಂದೆ. ಎರಡು ದಿನದಲ್ಲಿ ಅದಕ್ಕೆ ನಗುವ ಸದ್ದು ಸೇರಿಸಿ ರೀಲ್ಸ್ ಮಾಡಿ ಹಾಕಿದ್ದ. ನಮ್ಮ ಕಾಲೋನಿಯಲ್ಲಿ ಅದನ್ನು ನೋಡದ ನರಪಿಳ್ಳೆ ಇಲ್ಲ. ತರಕಾರಿ ಗಾಡಿಯವನು ಕೂಡ "ವೈವೇರಿಯಂ ಆಂಟಿ, ಬೀನ್ಸ್ ಬೇಕಾ?" ಅಂದ. ನನ್ನ ಜೊತೆ ಕೆಲಸ ಮಾಡಿದ ಗಂಡಸರು, ನನ್ನ ಫಿಟ್ಟಿಂಗ್ ನೋಡಿ ಬಾಯಿ ಮುಚ್ಚಿಕೊಂಡಿದ್ದವರು, ಪಾರ್ಕಿನಲ್ಲಿ ವಾಕಿಂಗ್ ಮಾಡುತ್ತಾ ಫೋನ್ ತೋರಿಸಿ ಕಿಸಿಕಿಸಿ ನಕ್ಕರು. ಅವತ್ತು ಮನೆಗೆ ಬಂದು ಬಾಗಿಲು ಹಾಕಿಕೊಂಡು ಅತ್ತೆ. ಅಷ್ಟು ವರ್ಷ ಆ ಶೆಡ್ಡಿನಲ್ಲಿ ಒಂದು ದಿನ ಅತ್ತವಳಲ್ಲ ನಾನು. ಅಳು ನಿಂತ ಮೇಲೆ ಮನಸ್ಸಿನಲ್ಲಿ ಉಳಿದದ್ದು ಒಂದೇ, ಇವನಿಗೆ ತಕ್ಕ ಶಾಸ್ತಿ ಮಾಡದೆ ಬಿಡುವುದಿಲ್ಲ.

ಮೊದಲು ಆ ಮಾತಿನ ಅರ್ಥ ತಿಳಿಯಬೇಕಿತ್ತು. ಶೆಡ್ಡಿನಲ್ಲಿ ಹೆಂಗಸರು ಇಬ್ಬರೇ ಇದ್ದೆವು ಅಂದೆನಲ್ಲ, ಆ ಇನ್ನೊಬ್ಬಳು ಹಲಸೂರಿನಲ್ಲಿದ್ದಾಳೆ. ತಮಿಳು ಮನೆಯವಳು, ಚಿಕ್ಕವಳಿದ್ದಾಗ ಶಿವಾಜಿನಗರದ ಚರ್ಚಿನಲ್ಲಿ ಲ್ಯಾಟಿನ್ ಹಾಡು ಹೇಳುತ್ತಿದ್ದವಳು. ನೇರ ಅವಳ ಮನೆಗೆ ಹೋದೆ.

"ಅಯ್ಯೋ, ಅದೇನ್ ಬ್ರಹ್ಮವಿದ್ಯೆನಾ ಮಾ?" ಅಂದಳು. "ಲ್ಯಾಟಿನ್‌ನಲ್ಲಿ ವೀವುಸ್ ಅಂದ್ರೆ ಜೀವ ಇರೋದು. ಏರಿಯಂ ಅಂತ ಕೊನೇಲಿ ಬಂದ್ರೆ ಅದು ಇರೋ ಜಾಗ. ಅಕ್ವೇರಿಯಂ ನೀರಿಂದು, ಟೆರೇರಿಯಂ ಮಣ್ಣಿಂದು. ವೈವೇರಿಯಂ ಅಂದ್ರೆ ಜೀವ ಇರೋ ಜಾಗ, ಅಷ್ಟೇ ಮಾ."

ಜೊತೆಗೆ ಕೂತು ಫೋನಿನಲ್ಲೂ ಹುಡುಕಿದೆವು. ಒಳಗೆ ಗಿಡ ಇಟ್ಟು ಮುಚ್ಚಿದ ಗಾಜಿನ ಭರಣಿಯನ್ನು ಟೆರೇರಿಯಂ ಅನ್ನುತ್ತಾರಂತೆ, ಅದಕ್ಕೆ ಗಾಳಿ ಇಲ್ಲದಿದ್ದರೂ ನಡೆಯುತ್ತದೆ. ಹಾವುಗಳನ್ನೇ ಇಡುವ ಕಟ್ಟಡಕ್ಕೆ ಇನ್ನೊಂದು ಹೆಸರು. ವೈವೇರಿಯಂ ಇವೆಲ್ಲಕ್ಕೂ ಹಿರಿಯ ಮಾತು, ಪ್ರಾಣಿ ತನ್ನ ಊರಿನಲ್ಲಿ ಇದ್ದ ಹಾಗೆ ಇರುವುದಕ್ಕೆ ಬೇಕಾದ ಬಿಸಿ, ತಂಪು, ಗಾಳಿ, ಬೆಳಕು ಎಲ್ಲಾ ಇದ್ದರೆ ಮಾತ್ರ ಆ ಹೆಸರಿಗೆ ಅರ್ಥ. ನಮ್ಮಲ್ಲಿ ಏನಿದೆ ಅಂತ ಬಸ್ಸಿನಲ್ಲಿ ಬರುತ್ತಾ ಯೋಚಿಸಿದೆ. ಗಿಳಿಗೆ ಪಂಜರ, ಇಲಿಗೆ ಬೋನು, ಕೋಳಿಗೆ ಗೂಡು, ದನಕ್ಕೆ ಕೊಟ್ಟಿಗೆ, ಹಾವಾಡಿಗನ ಹಾವಿಗೆ ಬುಟ್ಟಿ. ಹಾವು ತಾನಾಗಿ ಇರುವುದು ಹುತ್ತದಲ್ಲಿ. ಕೆ.ಆರ್. ಪುರದಲ್ಲಿ ನಮ್ಮಜ್ಜಿ ಹುತ್ತಕ್ಕೆ ಹಾಲೆರೆಯುವಾಗ ಬಾಯಿಗೆ ಅಡ್ಡ ಹೂವು ಕೂಡ ಇಡಲು ಬಿಡುತ್ತಿರಲಿಲ್ಲ. "ಅದ್ರ ಬಾಗ್ಲು ಮುಚ್ಬೇಡ್ವೇ" ಅಂತ ಗದರುತ್ತಿದ್ದಳು. ಇಷ್ಟೆಲ್ಲಾ ಯೋಚಿಸಿದ್ದರಿಂದ ನನಗೆ ಬುದ್ಧಿ ಬಂತು ಅಂದುಕೊಳ್ಳಬೇಡಿ. ಸೇಡು ತೀರಿಸಿಕೊಳ್ಳುವ ದಾರಿ ಸಿಕ್ಕಿತು.

ಇನ್ನು ಮುಂದೆ ನಾನು ಅವನ ಡ್ರಾಯಿಂಗಿನಲ್ಲಿ ಏನಿದೆಯೋ ಅದನ್ನೇ ಮಾಡುತ್ತೇನೆ. ತೂತು ಇಲ್ಲ ತಾನೆ? ಕೊರೆಯುವುದಿಲ್ಲ.

ಮುಂದಿನ ಆರ್ಡರ್ ಬಾಣಸವಾಡಿಯ ಒಬ್ಬ ಹಲ್ಲಿನ ಡಾಕ್ಟರಮ್ಮನದು. ಹೆದರುವ ಮಕ್ಕಳು ನೋಡಿಕೊಂಡು ಕೂರಲಿ ಅಂತ ಕ್ಲಿನಿಕ್ಕಿನಲ್ಲಿ ಗಡ್ಡದ ಓತಿಕ್ಯಾತ ಒಂದನ್ನು ಇಡುತ್ತಾರಂತೆ. ಡ್ರಾಯಿಂಗಿನ ಕೆಳಗೆ ಅವನ ಕೈಯಲ್ಲಿ ಸಹಿ ಹಾಕಿಸಿಕೊಂಡೆ. "ಏನಾಂಟಿ, ಸರ್ಕಾರಿ ಆಫೀಸ್ ಥರ?" ಅಂತ ನಕ್ಕ. ನಗು ಮಗನೇ ನಗು ಅಂದುಕೊಂಡೆ. ನನ್ನ ಜೀವಮಾನದಲ್ಲಿ ಅಷ್ಟು ಅಚ್ಚುಕಟ್ಟಾದ ಡಬ್ಬ ಮಾಡಿರಲಿಲ್ಲ. ಅಂಚುಗಳನ್ನು ಉಜ್ಜಿ ಉಜ್ಜಿ ಹೊಳೆಸಿದೆ, ಅಂಟಿನಲ್ಲಿ ಒಂದು ಗುಳ್ಳೆ ಇಲ್ಲ. ಡ್ರಿಲ್ ಕಪಾಟಿನಲ್ಲೇ ಇತ್ತು. ಅದರ ಕಡೆ ಒಂದೆರಡು ಸಲ ಕಣ್ಣು ಹೋಯಿತು, ನಿಜ. ಕಪಾಟಿನ ಬಾಗಿಲು ಹಾಕಿದೆ.

ನನ್ನ ಲೆಕ್ಕಾಚಾರ ಇಷ್ಟೇ. ಒಳಗೆ ಹಬೆ ಕಟ್ಟುತ್ತದೆ, ಡಾಕ್ಟರಮ್ಮ ಅವನನ್ನು ಉಗಿಯುತ್ತಾರೆ, ಅವನು ನನ್ನ ಕಾಲಿಗೆ ಬೀಳುತ್ತಾನೆ. ಒಳಗಿರುವ ಪ್ರಾಣಿ ಈ ಲೆಕ್ಕದಲ್ಲಿ ಬರಲೇ ಇಲ್ಲ ಅಂತ ಹೇಳಿದರೆ ಸುಳ್ಳಾಗುತ್ತದೆ. ಬಂತು. ಒಂದೆರಡು ದಿನಕ್ಕೆ ಏನೂ ಆಗಲ್ಲ ಬಿಡು ಅಂತ ನನಗೆ ನಾನೇ ಹೇಳಿಕೊಂಡೆ.

ಡಬ್ಬ ಹೋದ ಎರಡನೇ ದಿನ ಬೆಳಿಗ್ಗೆ ಉಪ್ಪಿಟ್ಟಿಗೆ ರವೆ ಹುರಿಯುತ್ತಿದ್ದೆ. ಫೋನ್ ಬಂತು, ಅವನದೇ. ಎತ್ತಲಿಲ್ಲ. ಮತ್ತೆ ಬಂತು. ಒಲೆ ಸಣ್ಣ ಮಾಡಿ ಫೋನನ್ನು ಎದುರಿಗೆ ಇಟ್ಟುಕೊಂಡು ನೋಡುತ್ತಾ ನಿಂತೆ. ಎಂಥ ಸುಖ ಅಂತೀರಿ! ನಾಲ್ಕನೇ ಸಲಕ್ಕೆ ಉಪ್ಪಿಟ್ಟು ತಿಂದು ಮುಗಿದಿತ್ತು. ಕೈ ತೊಳೆದು ಐದನೇ ಸಲಕ್ಕೆ ಎತ್ತಿದೆ.

"ಆಂಟಿ, ಎಲ್ಲಿದೀರಾ? ಡಾಕ್ಟರ್ ಮೇಡಂ ಬೈತಿದಾರೆ. ಅದು ಬಾಯಿ ಬಿಟ್ಕೊಂಡ್ ಮಲ್ಕೊಂಡಿದ್ಯಂತೆ. ಒಳಗೆಲ್ಲಾ ಹಬೆ ಕಟ್ಟಿ ನೀರು. ಏನ್ ಮಾಡಿದೀರಾ ನೀವು?"

"ಕ್ಲಿನಿಕ್ಕಿಗೇ ಬರ್ತೀನಪ್ಪ" ಅಂದೆ. ಮಾವಿನಕಾಯಿ ಅಂಚಿನ ರೇಷ್ಮೆ ಸೀರೆ ಉಟ್ಟೆ. ಬ್ಯಾಗಿನಲ್ಲಿ ಸಹಿ ಇರುವ ಡ್ರಾಯಿಂಗ್ ಇಟ್ಟೆ, ಡ್ರಿಲ್ಲನ್ನೂ ಇಟ್ಟೆ. ಟಿನ್ ಫ್ಯಾಕ್ಟರಿ ಹತ್ತಿರ ಟ್ರಾಫಿಕ್ಕಿನಲ್ಲಿ ಆಟೋ ಅರ್ಧ ಗಂಟೆ ಅಲುಗಾಡಲಿಲ್ಲ. ಆ ಅರ್ಧ ಗಂಟೆಯೂ ನಾನು ಅವನಿಗೆ ಆಡಬೇಕಾದ ಮಾತುಗಳನ್ನು ಒಳಗೊಳಗೇ ಹೇಳಿ ನೋಡಿಕೊಳ್ಳುತ್ತಿದ್ದೆ.

ಕ್ಲಿನಿಕ್ಕಿನಲ್ಲಿ ಡಾಕ್ಟರಮ್ಮ, ಅಂಗಡಿಯವನು, ಕಾಯುತ್ತಾ ಕೂತಿದ್ದ ಒಂದಿಬ್ಬರು ತಾಯಂದಿರು, ಮತ್ತೆ ಕಸ ಗುಡಿಸಿ ಸಾಮಾನು ತೊಳೆಯುವ ಆಯಾ ಇದ್ದರು. ಆಯಾ ಬಾಣಸವಾಡಿಯವಳೇ, ನನ್ನ ವಯಸ್ಸಿನವಳು. ಡಬ್ಬದ ಬಾಗಿಲನ್ನು ಒಂದಂಗುಲ ಸರಿಸಿ, ಮತ್ತೆ ಮುಚ್ಚಿಕೊಳ್ಳದ ಹಾಗೆ ಸಂದಿಗೆ ಒಂದು ಹಲ್ಲುಜ್ಜುವ ಬ್ರಷ್ ಸಿಕ್ಕಿಸಿದ್ದಳು. ದೀಪ ಆರಿಸಿದ್ದಳು. ಓತಿಕ್ಯಾತ ಮಣ್ಣಿನ ಬಣ್ಣಕ್ಕೆ ತಿರುಗಿ, ಮೂಗನ್ನು ಆ ಸಂದಿಗೆ ಒತ್ತಿಕೊಂಡು ಬಿದ್ದಿತ್ತು. ಹೊಟ್ಟೆ ಏರಿಳಿಯುತ್ತಿತ್ತು.

"ಬಾಗ್ಲು ತೆಗೀಬೇಡಿ, ಬಿಸಿ ಹೋಗ್ಬಿಡುತ್ತೆ ಅಂತ ಈ ಯಪ್ಪ ಹೇಳಿದ್ರಂತೆ" ಅಂದಳು ಆಯಾ. "ಹೇಳ್ಲಿ ಬಿಡಿ. ಅದಕ್ಕೆ ಉಸ್ರು ಬೇಡ್ವಾ? ಇದನ್ನ ಮಾಡ್ದೋರ ಕೈ ಸೇದೋಗ."

ಅಂಗಡಿಯವನು ನನ್ನ ಕಡೆ ಬೆರಳು ತೋರಿಸಿದ. "ಇವ್ರೇ ಮೇಡಂ ಮಾಡಿದ್ದು. ಇವ್ರಿಗೆ ವೈವೇರಿಯಂ ಅಂದ್ರೆ ಏನಂತಾನೇ ಗೊತ್ತಿಲ್ಲ."

ನಾನು ಕಾದಿದ್ದೇ ಆ ಮಾತಿಗೆ. ಡ್ರಾಯಿಂಗ್ ತೆಗೆದು ಡಾಕ್ಟರಮ್ಮನ ಮೇಜಿನ ಮೇಲೆ ಹರಡಿದೆ. "ನೋಡಿ ಡಾಕ್ಟ್ರೇ, ಇದು ಅವನ ಡ್ರಾಯಿಂಗು, ಇದು ಅವನ ಸಹಿ. ಇದ್ರಲ್ಲಿ ಗಾಳಿಗೆ ತೂತು ಎಲ್ಲಿದೆ ಅಂತ ಅವನನ್ನೇ ಕೇಳಿ." ಅವನು ಹಾಳೆ ನೋಡಿದ, ತಿರುಗಿಸಿ ಹಿಂಬದಿಯನ್ನೂ ನೋಡಿದ. "ಈಗ ಹೇಳಪ್ಪ, ವೈವೇರಿಯಂ ಅಂದ್ರೇನು? ಎಲ್ಲಿ ನಿನ್ನ ಫೋನು? ಕ್ಯಾಮೆರಾ ನೋಡ್ಕೊಂಡು ಹೇಳು!" ಅವನು ಫೋನನ್ನು ಜೇಬಿಗೆ ತುರುಕಿಕೊಂಡ. "ಜೀವ ಇರೋ ಜಾಗ ಕಣೋ. ಹೆಸರಿಟ್ಕೊಂಡು ಮಾರೋನಿಗೆ ಅಷ್ಟೂ ಗೊತ್ತಿಲ್ವಾ? ಇಷ್ಟು ದಿನ ನೀನು ಮಾರಿದ ಒಂದೊಂದು ಡಬ್ಬಕ್ಕೂ ತೂತು ಕೊರೆದೋಳು ನಾನು. ನಿನ್ನ ಡ್ರಾಯಿಂಗಲ್ಲಿ ಇಲ್ದಿದ್ರೂ ಕೊರ್ದಿದ್ದೀನಿ. ಅದಕ್ಕೇ ಅವೆಲ್ಲಾ ಬದುಕಿರೋದು!"

ಡಾಕ್ಟರಮ್ಮ ಅವನ ಮುಖಕ್ಕೆ ಮಂಗಳಾರತಿ ಎತ್ತಿದರು. ಪೊಲೀಸಿಗೆ ಹೇಳುತ್ತೇನೆ ಅಂದರು, ನಿನ್ನ ಅಂಗಡಿ ವಿಷಯ ನನಗೆ ಗೊತ್ತಿರುವವರಿಗೆಲ್ಲಾ ತಿಳಿಸುತ್ತೇನೆ ಅಂದರು. ತಾಯಂದಿರಲ್ಲಿ ಒಬ್ಬಳು ಅದನ್ನು ಫೋನಿನಲ್ಲಿ ಹಿಡಿಯುತ್ತಿದ್ದಳು. ಅವನು ಕಿವಿ ಕೆಂಪಗೆ ಮಾಡಿಕೊಂಡು ನೆಲ ನೋಡುತ್ತಾ ಹೊರಗೆ ಹೋದ. ಇಷ್ಟು ಚೆನ್ನಾಗಿ ಆಗುತ್ತದೆ ಅಂತ ನಾನೇ ಅಂದುಕೊಂಡಿರಲಿಲ್ಲ. ಎದೆ ತುಂಬಿ ಬಂತು, ಸುಳ್ಳು ಯಾಕೆ ಹೇಳಲಿ.

ಆಯಾ ಮಾತ್ರ ಅವನ ಕಡೆ ನೋಡುತ್ತಿರಲಿಲ್ಲ. ನನ್ನನ್ನೇ ನೋಡುತ್ತಿದ್ದಳು.

"ಮುಂಚೇವಕ್ಕೆಲ್ಲಾ ನೀವೇ ತೂತು ಹಾಕ್ತಿದ್ರಿ ಅಲ್ವಾ?" ಅಂದಳು.

"ಹೌದು."

"ಹಂಗಾರೆ ಇದಕ್ಕೂ ಬೇಕು ಅಂತ ನಿಮಗೆ ಗೊತ್ತಿತ್ತು."

ಡ್ರಾಯಿಂಗ್ ಮೇಜಿನ ಮೇಲೆ ಹಾಗೇ ಇತ್ತು. ಡ್ರಾಯಿಂಗಿನಲ್ಲಿ ಇದ್ದ ಹಾಗೆ ಮಾಡಿದ್ದೇನೆ ಅಂತ ಹೇಳಬಹುದಿತ್ತು, ಬಾಯಿಗೂ ಬಂತು. ಆ ಸಂದಿಯಲ್ಲಿ ಒತ್ತಿಕೊಂಡಿದ್ದ ಮೂಗು ಕಾಣುತ್ತಿತ್ತು.

"ಗೊತ್ತಿತ್ತು" ಅಂದೆ.

ಅವಳು ಬಟ್ಟೆಯೊಂದನ್ನು ಒದ್ದೆ ಮಾಡಿ, ಓತಿಕ್ಯಾತವನ್ನು ಅದರಲ್ಲಿ ಎತ್ತಿ ಎದೆಗೆ ಹಿಡಿದುಕೊಂಡು ಕಿಟಕಿಯ ಹತ್ತಿರ ಹೋಗಿ ನಿಂತಳು. ನಾನು ರೇಷ್ಮೆ ಸೀರೆಯ ಸೆರಗು ಸಿಕ್ಕಿಸಿ ನೆಲದ ಮೇಲೆ ಕೂತು ಕೊರೆದೆ. ಅಕ್ರಿಲಿಕ್ ಬಿರಿಯದ ಹಾಗೆ ನಿಧಾನಕ್ಕೆ, ನೀರು ಹಾಕಿಕೊಂಡು, ಎಡಕ್ಕೆ ಕೆಳಗೊಂದು ಸಾಲು, ಬಲಕ್ಕೆ ಮೇಲೊಂದು ಸಾಲು. ಪುಡಿಯೆಲ್ಲಾ ಒರೆಸಿ ತೆಗೆದೆ. ಪ್ರತಿ ತೂತಿನ ಅಂಚನ್ನೂ ಬೆರಳಿನಿಂದ ಮುಟ್ಟಿ ನೋಡಿದೆ. ಬ್ರಷ್ಷನ್ನು ತೊಳೆದು ಮೇಜಿನ ಮೇಲೆ ಇಟ್ಟೆ. ಅಷ್ಟು ಹೊತ್ತಿಗೆ ಓತಿಕ್ಯಾತ ಬಾಯಿ ಮುಚ್ಚಿಕೊಂಡು ತಲೆ ಎತ್ತಿತ್ತು.

ಎದ್ದು ನಿಂತು, ಒಳಗೆ ಬಿಡೋಣ ಅಂತ ಎರಡೂ ಕೈ ಚಾಚಿದೆ.

"ಬ್ಯಾಡ. ನೀವ್ ಮುಟ್ಬ್ಯಾಡಿ" ಅಂದಳು ಆಯಾ. ನನ್ನನ್ನು ಸುತ್ತಿ ಬಳಸಿ ಹೋಗಿ, ಅವಳೇ ಬಿಟ್ಟಳು.